ಕಾರ್ಡ್ ಬಿಲ್ಲಿನಲ್ಲಿ ಗುರುತು ಸಿಗದ ಆ್ಯಪ್ ಚಂದಾ: ಬ್ಯಾಂಕಿನ ಇ-ಮ್ಯಾಂಡೇಟ್ ಸೇವೆ ಎಷ್ಟು ನೆರವಾಗುತ್ತದೆ?

ಕ್ರೆಡಿಟ್ ಕಾರ್ಡಿನ ತಿಂಗಳ ಸ್ಟೇಟ್‌ಮೆಂಟಿನಲ್ಲಿ ಯಾವುದೋ ಆ್ಯಪ್‌ನ ಚಂದಾ ಹಣ ಕಡಿತವಾಗಿರುತ್ತದೆ, ಆದರೆ ಅಲ್ಲಿ ಅಚ್ಚಾಗಿರುವ ಹೆಸರನ್ನು ಮನೆಯಲ್ಲಿ ಯಾರೂ ಕೇಳಿರುವುದಿಲ್ಲ. ಇಂಥ ಕಡಿತವನ್ನು ಹುಡುಕಿ ನಿಲ್ಲಿಸಲು ಬ್ಯಾಂಕು ಕಾರ್ಡುದಾರರಿಗೆ ಒದಗಿಸುವ ಸೇವೆಯೊಂದಿದೆ; ಅದನ್ನು ಇ-ಮ್ಯಾಂಡೇಟ್ (ಪದೇಪದೇ ಆಗುವ ಕಡಿತಕ್ಕೆ ಕಾರ್ಡುದಾರರು ಮೊದಲೇ ಕೊಡುವ ಒಪ್ಪಿಗೆ) ಎಂದೂ ಸ್ಟ್ಯಾಂಡಿಂಗ್ ಇನ್‌ಸ್ಟ್ರಕ್ಷನ್ ಎಂದೂ ಕರೆಯುತ್ತಾರೆ. ಅದರ ಜೊತೆಗೆ ಬಳಸಬೇಕಾದ ಇನ್ನೊಂದು ಸೇವೆಯೆಂದರೆ ಆ್ಯಪ್ ಸ್ಟೋರಿನ ಚಂದಾ ಪುಟ. ಇವೆರಡನ್ನೂ ಅಕ್ಕಪಕ್ಕ ಇಟ್ಟುಕೊಂಡು ಬಳಸಿದ ಮೇಲೆ ನನಗೆ ಅನ್ನಿಸಿದ್ದನ್ನು ಮೊದಲೇ ಹೇಳಿಬಿಡುತ್ತೇನೆ: ಮುಂದಿನ ಕಡಿತವನ್ನು ನಿಲ್ಲಿಸುವುದರಲ್ಲಿ ಬ್ಯಾಂಕಿನ ಇ-ಮ್ಯಾಂಡೇಟ್ ಸೇವೆ ನಿಜಕ್ಕೂ ಚೆನ್ನಾಗಿದೆ, ಆದರೆ ಹಣ ಯಾರಿಗೆ ಹೋಯಿತು ಎಂದು ತಿಳಿಸುವುದರಲ್ಲಿ ಅದು ಹಿಂದೆ ಬಿದ್ದಿದೆ. ಆ ಪ್ರಶ್ನೆಗೆ ಉತ್ತರ ಬಹುಪಾಲು ಆ್ಯಪ್ ಸ್ಟೋರಿನ ಪುಟದಲ್ಲೇ ಸಿಗುತ್ತದೆ.

ಮೊದಲು ಆ ಹೆಸರಿನ ವಿಚಾರವನ್ನೇ ನೋಡೋಣ. ಸ್ಟೇಟ್‌ಮೆಂಟಿನ ಒಂದು ಸಾಲಿನಲ್ಲಿ ವ್ಯಾಪಾರಿಯ ಹೆಸರಿಗೆ ಮೀಸಲಾಗಿರುವ ಜಾಗ ಸುಮಾರು 25 ಇಂಗ್ಲಿಷ್ ಅಕ್ಷರಗಳಷ್ಟು ಮಾತ್ರ; ಅದರ ಪಕ್ಕದಲ್ಲಿ ಊರು ಮತ್ತು ದೇಶದ ಸಂಕೇತ ಬರುತ್ತವೆ. ನಮ್ಮ ಫೋನಿನಲ್ಲಿ ಆ್ಯಪ್‌ಗೆ ಒಂದು ಹೆಸರಿದ್ದರೆ, ಅದನ್ನು ತಯಾರಿಸಿದ ಕಂಪನಿಯ ನೋಂದಾಯಿತ ಹೆಸರು ಬೇರೆಯೇ ಇರುತ್ತದೆ, ಸ್ಟೇಟ್‌ಮೆಂಟಿಗೆ ಬರುವುದು ಅನೇಕ ಸಲ ಆ ಎರಡನೆಯ ಹೆಸರು. ಗೂಗಲ್ ಪ್ಲೇ ಮೂಲಕ ಹಣ ಹೋಗಿದ್ದರೆ ಗೂಗಲ್ ಎಂಬ ಪದ, ಅದರ ಮುಂದೊಂದು ನಕ್ಷತ್ರ ಚಿಹ್ನೆ, ಆಮೇಲೆ ಆ್ಯಪ್‌ನ ಅಥವಾ ತಯಾರಕರ ಹೆಸರು ಇರುತ್ತದೆ. ಇದ್ದ ಜಾಗದಲ್ಲಿ ಅರ್ಧವನ್ನು ಮೊದಲ ಭಾಗವೇ ನುಂಗಿದ್ದರಿಂದ ಉಳಿದದ್ದು ಪದದ ನಡುವೆಯೇ ತುಂಡಾಗಿರುವುದುಂಟು. ಕಂಪ್ಯೂಟರಿನಲ್ಲಿ ವೆಬ್‌ಸೈಟ್ ಮೂಲಕ ಸಾಫ್ಟ್‌ವೇರ್ ಕೊಂಡಿದ್ದರಂತೂ ಇನ್ನಷ್ಟು ಗೊಂದಲ. ಪ್ಯಾಡಲ್, ಫಾಸ್ಟ್‌ಸ್ಪ್ರಿಂಗ್, ಟೂಚೆಕ್‌ಔಟ್ ಮುಂತಾದ ಸಂಸ್ಥೆಗಳು ನೂರಾರು ಸಣ್ಣ ತಯಾರಕರ ಪರವಾಗಿ ತಾವೇ ಮಾರಾಟಗಾರರಾಗಿ ಹಣ ಪಡೆಯುತ್ತವೆ, ಹಾಗಾಗಿ ಬಿಲ್ಲಿನಲ್ಲಿ ಕಾಣುವುದು ಅವುಗಳ ಹೆಸರು. ಇದರಲ್ಲಿ ಮೋಸವೇನೂ ಇಲ್ಲ, ಅದು ಆ ವ್ಯವಹಾರದ ರೀತಿ. ಆದರೆ ಸ್ಟೇಟ್‌ಮೆಂಟನ್ನು ಓದುವವರಿಗೆ ಮೋಸಕ್ಕೂ ಇದಕ್ಕೂ ನೋಟದಲ್ಲಿ ವ್ಯತ್ಯಾಸವೇ ಕಾಣುವುದಿಲ್ಲ ಎಂಬುದು ನನ್ನ ಮುಖ್ಯ ತಕರಾರು.

ಅದೇ ಸಾಲಿನ ಕೆಳಗೆ ಕೆಲವೊಮ್ಮೆ ಇನ್ನೂ ಒಂದೆರಡು ಪುಟ್ಟ ಮೊತ್ತಗಳು ಬರುತ್ತವೆ. ಡಾಲರಿನಲ್ಲಿ ಹೋದ ಹಣಕ್ಕೆ ಬ್ಯಾಂಕು ವಿದೇಶಿ ವಿನಿಮಯದ ಶುಲ್ಕ ಸೇರಿಸುತ್ತದೆ. ಬಹಳಷ್ಟು ಕಾರ್ಡುಗಳಲ್ಲಿ ಅದು ಶೇಕಡ 3.5ರ ಆಸುಪಾಸಿನಲ್ಲಿರುತ್ತದೆ, ಆ ಶುಲ್ಕದ ಮೇಲೆ ಶೇಕಡ 18 ಜಿಎಸ್‌ಟಿ. ಬೆಲೆಯನ್ನು ರೂಪಾಯಿಯಲ್ಲೇ ತೋರಿಸಿದ್ದರೂ ವ್ಯಾಪಾರಿ ಹೊರದೇಶದಲ್ಲಿ ನೋಂದಣಿಯಾಗಿದ್ದರೆ ಕೆಲವು ಬ್ಯಾಂಕುಗಳು ಬೇರೆ ಸಣ್ಣ ಶುಲ್ಕವನ್ನು ಹಾಕುತ್ತವೆ. ಇಂಥ ಹತ್ತೋ ಹದಿನೈದೋ ರೂಪಾಯಿಯ ಸಾಲನ್ನು ಕಂಡು ಯಾರೋ ಕಳ್ಳರು ಕಾರ್ಡನ್ನು ಪರೀಕ್ಷಿಸುತ್ತಿದ್ದಾರೆಂದು ಹೆದರುವವರಿದ್ದಾರೆ. ಪಕ್ಕದ ದೊಡ್ಡ ಮೊತ್ತದ ದಿನಾಂಕಕ್ಕೆ ಹೋಲಿಸಿ ನೋಡಿದರೆ ಆ ಅನುಮಾನ ಬಹುಮಟ್ಟಿಗೆ ಅಲ್ಲೇ ಬಗೆಹರಿಯುತ್ತದೆ.

ನಮ್ಮ ಅತ್ತಿಗೆ ದಾವಣಗೆರೆಯಲ್ಲಿ ಪ್ರೌಢಶಾಲೆಯ ಶಿಕ್ಷಕಿ. ಅವರ ಕಾರ್ಡಿನಲ್ಲಿ ಹೀಗೊಂದು ಸಾಲು ಬಂದಿತ್ತು: ಆ್ಯಪ್ ಸ್ಟೋರಿನ ಹೆಸರು, ಅದಕ್ಕೆ ಅಂಟಿಕೊಂಡಂತೆ ಅರ್ಧಕ್ಕೆ ಕತ್ತರಿಸಿದ ಒಂದು ಕಂಪನಿಯ ಹೆಸರು, ಮುಂದೆ 1,799 ರೂಪಾಯಿ. "ನಾನು ಯಾವ ಕಂಪನಿಗೂ ದುಡ್ಡು ಕಟ್ಟಿಲ್ಲ ನೋಡಪ್ಪ" ಎಂದು ಅವರು ಖಚಿತವಾಗಿ ಹೇಳಿದರು, ಮತ್ತು ಅವರ ಮಟ್ಟಿಗೆ ಅದು ಸತ್ಯವೇ ಆಗಿತ್ತು. ಬ್ಯಾಂಕಿನ ಕಸ್ಟಮರ್ ಕೇರ್‌ಗೆ ಫೋನ್ ಮಾಡಿದಾಗ ಆ ಕಡೆಯಿಂದ ಬಂದ ಮೊದಲ ಮಾತು, "ಮೇಡಂ, ಈ ಟ್ರಾನ್ಸಾಕ್ಷನ್ ನೀವು ಮಾಡಿಲ್ಲ ಅಂದರೆ ಕಾರ್ಡ್ ಈಗಲೇ ಬ್ಲಾಕ್ ಮಾಡಿಬಿಡ್ತೀನಿ" ಎಂಬುದು. ಹೋದ ಹಣ ಯಾವ ಆ್ಯಪ್‌ನದು, ಇದು ಒಂದು ಸಲದ ಖರೀದಿಯೇ ಅಥವಾ ಮತ್ತೆ ಮತ್ತೆ ಕಡಿತವಾಗುವ ಚಂದಾವೇ, ಯಾವತ್ತು ನೋಂದಣಿಯಾಯಿತು ಎಂಬ ಪ್ರಶ್ನೆಗಳಿಗೆ ಅವರ ಪರದೆಯಲ್ಲೂ ಅದೇ ತುಂಡಾದ ಹೆಸರನ್ನು ಬಿಟ್ಟರೆ ಬೇರೇನೂ ಇರಲಿಲ್ಲ.

ಕಾರ್ಡ್ ಬ್ಲಾಕ್ ಮಾಡುವುದು ನಿಜವಾದ ವಂಚನೆಗೆ ಸರಿಯಾದ ಮದ್ದು. ಆದರೆ ಚಂದಾ ಹಣದ ವಿಷಯದಲ್ಲಿ ಅದನ್ನೇ ಮೊದಲ ಹೆಜ್ಜೆ ಮಾಡಿಕೊಂಡರೆ ವಿದ್ಯುತ್ ಬಿಲ್ಲು, ವಿಮೆಯ ಕಂತು, ಮಕ್ಕಳ ಕೋಚಿಂಗ್ ಶುಲ್ಕ ಎಂದು ಅದೇ ಕಾರ್ಡಿಗೆ ಜೋಡಿಸಿದ್ದೆಲ್ಲ ಒಟ್ಟಿಗೇ ನಿಂತುಹೋಗುತ್ತದೆ, ಹೊಸ ಕಾರ್ಡ್ ಬರುವವರೆಗೆ ಪರದಾಟ. ಇಷ್ಟಾದರೂ ಆ ಆ್ಯಪ್‌ನ ಲೆಕ್ಕದಲ್ಲಿ ನಿಮ್ಮ ಚಂದಾ ಹಾಗೆಯೇ ಉಳಿದಿರುತ್ತದೆ. ಆದ್ದರಿಂದ ಅನುಮಾನ ಬಂದಾಗ ಕಾರ್ಡನ್ನು ಬ್ಯಾಂಕಿನ ಆ್ಯಪ್‌ನಲ್ಲಿ ತಾತ್ಕಾಲಿಕವಾಗಿ ಲಾಕ್ ಮಾಡಿ, ಅಥವಾ ಆನ್‌ಲೈನ್ ಬಳಕೆಯನ್ನು ಆಫ್ ಮಾಡಿ, ಮೊದಲು ಹೆಸರನ್ನು ಪತ್ತೆ ಮಾಡುವುದು ಒಳ್ಳೆಯದು. ಆನ್‌ಲೈನ್, ವಿದೇಶ, ಟ್ಯಾಪ್ ಮಾಡಿ ಕೊಡುವ ಪಾವತಿ ಇವುಗಳನ್ನು ಬೇರೆಬೇರೆಯಾಗಿ ಆನ್ ಅಥವಾ ಆಫ್ ಮಾಡುವ ಸೌಲಭ್ಯವನ್ನು ಎಲ್ಲ ಬ್ಯಾಂಕುಗಳೂ ಕೊಡಬೇಕೆಂದು ರಿಸರ್ವ್ ಬ್ಯಾಂಕ್ 2020ರ ಜನವರಿಯಲ್ಲಿ ಆದೇಶಿಸಿತ್ತು. ಈ ಸ್ವಿಚ್ ಈಗ ಬಹುತೇಕ ಬ್ಯಾಂಕುಗಳ ಆ್ಯಪ್‌ನಲ್ಲಿ ಇದೆ.

ಈಗ ಇ-ಮ್ಯಾಂಡೇಟ್ ಸೇವೆಗೆ ಬರುತ್ತೇನೆ. ಕಾರ್ಡಿನಿಂದ ಪದೇಪದೇ ಹಣ ಕಡಿತವಾಗುವ ವ್ಯವಹಾರಗಳಿಗೆ ರಿಸರ್ವ್ ಬ್ಯಾಂಕ್ 2019ರ ಆಗಸ್ಟ್‌ನಲ್ಲಿ ಒಂದು ಚೌಕಟ್ಟನ್ನು ಹಾಕಿಕೊಟ್ಟಿತು. ಬ್ಯಾಂಕುಗಳು ಮತ್ತು ವ್ಯಾಪಾರಿಗಳು ಸಿದ್ಧವಾಗಿಲ್ಲವೆಂದು ಗಡುವು ಮುಂದೆ ಹೋಗಿ, ಕೊನೆಗೆ 2021ರ ಅಕ್ಟೋಬರ್ 1ರಿಂದ ಅದು ಕಟ್ಟುನಿಟ್ಟಾಗಿ ಜಾರಿಗೆ ಬಂತು; ಆ ತಿಂಗಳು ಬಹಳ ಜನರ ಹಳೆಯ ಚಂದಾಗಳು ಒಮ್ಮೆಗೇ ವಿಫಲವಾದದ್ದು ಓದುಗರಿಗೆ ನೆನಪಿರಬಹುದು. ಮೊದಲ ಸಲ ನೋಂದಣಿ ಮಾಡುವಾಗ ಒಟಿಪಿ ಬೇಕೇ ಬೇಕು. ಆಮೇಲಿನ ಕಡಿತಗಳು ಒಂದು ಮಿತಿಯೊಳಗಿದ್ದರೆ ಒಟಿಪಿ ಇಲ್ಲದೆ ಸಾಗುತ್ತವೆ. ಆರಂಭದಲ್ಲಿ 2,000 ರೂಪಾಯಿ ಇದ್ದ ಈ ಮಿತಿ 2021ರ ಜನವರಿಯಿಂದ 5,000 ಆಯಿತು, 2022ರ ಜೂನ್‌ನಲ್ಲಿ 15,000ಕ್ಕೆ ಏರಿತು. ವಿಮೆಯ ಕಂತು, ಮ್ಯೂಚುವಲ್ ಫಂಡ್ ಮತ್ತು ಕ್ರೆಡಿಟ್ ಕಾರ್ಡ್ ಬಿಲ್ಲಿಗೆ ಮಾತ್ರ 2023ರ ಡಿಸೆಂಬರ್‌ನಲ್ಲಿ ಅದನ್ನು ಒಂದು ಲಕ್ಷಕ್ಕೆ ಹೆಚ್ಚಿಸಲಾಯಿತು.

ಬ್ಯಾಂಕಿನ ಆ್ಯಪ್ ಅಥವಾ ನೆಟ್‌ಬ್ಯಾಂಕಿಂಗಿನಲ್ಲಿ ಕಾರ್ಡ್ ವಿಭಾಗದ ಒಳಗೆ ಈ ಪುಟ ಇರುತ್ತದೆ. ಅನೇಕ ಬ್ಯಾಂಕುಗಳು ಬಿಲ್‌ಡೆಸ್ಕ್ ಸಂಸ್ಥೆಯ ಎಸ್‌ಐ ಹಬ್ ಎಂಬ ತಾಣವನ್ನು ಇದಕ್ಕೆ ಬಳಸುತ್ತವೆ. ಬ್ಯಾಂಕಿನ ಪುಟದಿಂದಲೇ ಅಲ್ಲಿಗೆ ಹೋಗಿ ಕಾರ್ಡ್ ಸಂಖ್ಯೆ ಕೊಟ್ಟು, ಒಟಿಪಿ ಹಾಕಿದರೆ ಆ ಕಾರ್ಡಿನ ಮೇಲಿರುವ ಮ್ಯಾಂಡೇಟ್‌ಗಳ ಪಟ್ಟಿ ತೆರೆದುಕೊಳ್ಳುತ್ತದೆ. ವ್ಯಾಪಾರಿ ಯಾರು, ಗರಿಷ್ಠ ಎಷ್ಟು ಹಣ, ವಾರಕ್ಕೊಮ್ಮೆಯೋ ತಿಂಗಳಿಗೊಮ್ಮೆಯೋ ವರ್ಷಕ್ಕೊಮ್ಮೆಯೋ, ಎಲ್ಲಿಯವರೆಗೆ ಜಾರಿಯಲ್ಲಿರುತ್ತದೆ ಎಂಬುದೆಲ್ಲ ಒಂದೇ ಕಡೆ ಕಾಣುತ್ತದೆ. ಬೇಡವಾದದ್ದನ್ನು ಆರಿಸಿ ರದ್ದು ಮಾಡಿದರೆ ಇನ್ನೊಂದು ಒಟಿಪಿ ಬಂದು ಕೆಲಸ ಮುಗಿಯುತ್ತದೆ. ಕಾರಣ ಕೇಳುವುದಿಲ್ಲ, "ಇನ್ನೊಂದು ತಿಂಗಳು ಉಚಿತವಾಗಿ ಇಟ್ಟುಕೊಳ್ಳಿ" ಎಂದು ತಡೆಯುವುದಿಲ್ಲ, ವ್ಯಾಪಾರಿಯ ಒಪ್ಪಿಗೆ ಬೇಕಿಲ್ಲ, ಶುಲ್ಕವೂ ಇಲ್ಲ. ಒಮ್ಮೆ ಹಿಂತೆಗೆದುಕೊಂಡ ಮ್ಯಾಂಡೇಟ್ ಮೇಲೆ ಮತ್ತೆ ಹಣ ತೆಗೆಯಲು ಬ್ಯಾಂಕು ಬಿಡುವಂತಿಲ್ಲ ಎಂಬುದು ನಿಯಮ. ಹಣ ಕೊಡುವವರ ಕೈಗೇ ಕೀಲಿಯನ್ನು ಕೊಟ್ಟಿರುವ ಈ ವ್ಯವಸ್ಥೆಯ ಬಗ್ಗೆ ನನಗೆ ನಿಜವಾದ ಗೌರವವಿದೆ. ಇದರ ಬಗ್ಗೆ ತಿಳಿದವರ ಸಂಖ್ಯೆ ಕಡಿಮೆಯಿರುವುದು ಬೇಸರದ ಸಂಗತಿ. ಬ್ಯಾಂಕಿನ ಶಾಖೆಯಲ್ಲಿ ಕೇಳಿದರೂ ಕೌಂಟರಿನಲ್ಲಿರುವವರು ಈ ಪುಟವನ್ನು ತೋರಿಸುವುದು ಅಪರೂಪ.

ಆ ಪಟ್ಟಿಯಲ್ಲಿ ಗರಿಷ್ಠ ಮೊತ್ತದ ಅಂಕಣವನ್ನು ವಿಶೇಷವಾಗಿ ಗಮನಿಸಬೇಕು. ಮ್ಯಾಂಡೇಟ್ ಎರಡು ಬಗೆಯದಾಗಿರಬಹುದು: ಪ್ರತಿ ಸಲವೂ ಒಂದೇ ಮೊತ್ತ, ಅಥವಾ ಒಂದು ಗರಿಷ್ಠ ಮಿತಿಯೊಳಗೆ ಬದಲಾಗುವ ಮೊತ್ತ. ಎರಡನೆಯ ಬಗೆಯಲ್ಲಿ ಮಿತಿಯನ್ನು ಕಾರ್ಡುದಾರರು ನಿಗದಿಪಡಿಸಬೇಕು ಎಂಬುದು ಚೌಕಟ್ಟಿನ ಆಶಯ, ಆದರೆ ಪರದೆಯಲ್ಲಿ ಮೊದಲೇ ತುಂಬಿರುವ ಮೊತ್ತಕ್ಕೆ ನಾವು ಒಟಿಪಿ ಹಾಕುವುದೇ ರೂಢಿಯಾಗಿದೆ. ತಿಂಗಳಿಗೆ 149 ರೂಪಾಯಿಯ ಸೇವೆಗೆ 15,000ದವರೆಗೆ ಅನುಮತಿ ಬರೆದಿರುವುದೂ ಉಂಟು. ಹಾಗೆಂದು ಅಷ್ಟು ಹಣ ಹೋಗಿಬಿಡುತ್ತದೆ ಎಂದೇನಲ್ಲ. ಆದರೆ ಬೆಲೆ ಏರಿದಾಗ, ಅಥವಾ ಉಚಿತ ಅವಧಿ ಮುಗಿದು ತಿಂಗಳ ಯೋಜನೆಯ ಬದಲು ವರ್ಷದ ಯೋಜನೆ ಶುರುವಾದಾಗ, ಒಟಿಪಿ ಮತ್ತೆ ಕೇಳುವುದಿಲ್ಲ.

ಅಲ್ಲಿ ನಮ್ಮನ್ನು ಕಾಯಬೇಕಾದದ್ದು 24 ಗಂಟೆ ಮುಂಚಿನ ಸಂದೇಶ. ಈ ಸೇವೆಯ ಅತ್ಯಂತ ಬೆಲೆಬಾಳುವ ಅಂಗ ಇದು, ಹಾಗೆಯೇ ನನ್ನ ಅತಿ ದೊಡ್ಡ ದೂರೂ ಇದರ ಬಗ್ಗೆಯೇ. ಹಣ ಕಡಿತವಾಗುವ ಕನಿಷ್ಠ 24 ಗಂಟೆ ಮೊದಲು ಬ್ಯಾಂಕು ಕಾರ್ಡುದಾರರಿಗೆ ತಿಳಿಸಬೇಕು. ವ್ಯಾಪಾರಿಯ ಹೆಸರು, ಮೊತ್ತ, ಕಡಿತದ ದಿನಾಂಕ ಮತ್ತು ವೇಳೆ, ಮ್ಯಾಂಡೇಟ್‌ನ ಉಲ್ಲೇಖ ಸಂಖ್ಯೆ, ಕಡಿತದ ಕಾರಣ ಇವಿಷ್ಟು ಅದರಲ್ಲಿ ಇರಬೇಕು. ಆ ಸಂದೇಶ ಬಂದ ಮೇಲೆ ಆ ಒಂದು ಕಡಿತವನ್ನೋ ಇಡೀ ಮ್ಯಾಂಡೇಟನ್ನೋ ಬೇಡವೆನ್ನುವ ಹಕ್ಕು ನಮಗಿದೆ. ಅತ್ತಿಗೆಯ ಫೋನಿನಲ್ಲಿ ಹುಡುಕಿದಾಗ ಆ ಸಂದೇಶ ನಿಯಮಕ್ಕೆ ಸರಿಯಾಗಿ ಬಂದದ್ದು ಸಿಕ್ಕಿತು. ಒಂದು ಕಡೆ ಸಾಲದ ಜಾಹೀರಾತು, ಇನ್ನೊಂದು ಕಡೆ ಸೀರೆ ಅಂಗಡಿಯ ರಿಯಾಯಿತಿ, ನಡುವೆ ಇಂಗ್ಲಿಷಿನಲ್ಲಿ ಎರಡೂವರೆ ಸಾಲು, ಕೊನೆಯಲ್ಲೊಂದು ಕೊಂಡಿ. ವ್ಯಾಪಾರಿಯ ಹೆಸರಿನ ಜಾಗದಲ್ಲಿ ಅದೇ ಅಪರಿಚಿತ ಕಂಪನಿ. ಇಂಥ ಕೊಂಡಿಯನ್ನು ಒತ್ತಬೇಡಿ ಎಂದು ಬ್ಯಾಂಕುಗಳೇ ದಿನನಿತ್ಯ ಎಚ್ಚರಿಸುತ್ತಿರುವಾಗ ಅತ್ತಿಗೆ ಅದನ್ನು ಮುಟ್ಟದೆ ಬಿಟ್ಟದ್ದು ವಿವೇಕದ ನಡೆಯೇ. ಅಂದರೆ ಸಂದೇಶ ತಲುಪಿದೆ, ಮಾಹಿತಿ ತಲುಪಿಲ್ಲ.

ಇಲ್ಲಿ ಭಾಷೆಯ ಪ್ರಶ್ನೆ ಎತ್ತಲೇಬೇಕು. 2019ರ ಸುತ್ತೋಲೆಯಲ್ಲಿ ಈ ಮುನ್ಸೂಚನೆ ಸ್ಪಷ್ಟವಾಗಿರಬೇಕು, ಗ್ರಾಹಕರಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಎಂಬ ಮಾತಿದೆ. ಎಟಿಎಂನಲ್ಲಿ ಕನ್ನಡ ಇದೆ, ಕೆಲವು ಬ್ಯಾಂಕುಗಳ ಆ್ಯಪ್‌ನಲ್ಲೂ ಕನ್ನಡ ಇದೆ. ಹಣ ಹೋಗುವ ಮೊದಲು ಬರುವ ಈ ಒಂದು ಸಂದೇಶ ನಮ್ಮ ಮನೆಯ ಯಾವ ಫೋನಿಗೂ ಕನ್ನಡದಲ್ಲಿ ಬಂದದ್ದನ್ನು ನಾನು ಕಂಡಿಲ್ಲ. "ನಾಳೆ ನಿಮ್ಮ ಕಾರ್ಡಿನಿಂದ ಇಂಥ ಆ್ಯಪ್‌ನ ವಾರ್ಷಿಕ ಚಂದಾ 1,799 ರೂಪಾಯಿ ಕಡಿತವಾಗಲಿದೆ, ಬೇಡವಾದರೆ ಬ್ಯಾಂಕಿನ ಆ್ಯಪ್‌ನಲ್ಲಿ ರದ್ದು ಮಾಡಿ" ಎಂದು ಬಂದಿದ್ದರೆ, ಪಿಂಚಣಿಯ ಖಾತೆ ನೋಡಿಕೊಳ್ಳುವ ಹಿರಿಯರಿಗೂ ಅದನ್ನು ಓದಿ ಮಗಳನ್ನೋ ಮೊಮ್ಮಗನನ್ನೋ ಕೇಳುವಷ್ಟು ಸಮಯ ಸಿಗುತ್ತಿತ್ತು. ಇದಕ್ಕೆ ಹೊಸ ಕಾನೂನೇನೂ ಬೇಕಿಲ್ಲ, ಇರುವ ಸುತ್ತೋಲೆಯ ಒಂದು ಸಾಲನ್ನು ಪಾಲಿಸಿದರೆ ಸಾಕು.

ಇ-ಮ್ಯಾಂಡೇಟ್ ಪುಟಕ್ಕೆ ಅದರದೇ ಆದ ಮಿತಿಗಳೂ ಇವೆ. ಮೊದಲನೆಯದಾಗಿ, ಬ್ಯಾಂಕಿನಲ್ಲಿ ರದ್ದು ಮಾಡಿದರೆ ಹಣದ ದಾರಿ ಮುಚ್ಚುತ್ತದೆಯೇ ಹೊರತು ಆ್ಯಪ್ ಜೊತೆಗಿನ ಕರಾರು ಮುಗಿಯುವುದಿಲ್ಲ, ಬಾಕಿ ಇದೆಯೆಂದು ಅವರು ಇಮೇಲ್ ಕಳಿಸುತ್ತಲೇ ಇರಬಹುದು. ಎರಡೂ ಕಡೆ ರದ್ದು ಮಾಡಬೇಕು. ಫೋನಿನಿಂದ ಆ್ಯಪ್ ಅಳಿಸಿದರೆ ಚಂದಾ ನಿಲ್ಲುತ್ತದೆ ಎಂದು ಇವತ್ತಿಗೂ ಬಹಳ ಜನ ನಂಬಿದ್ದಾರೆ, ಅದು ನಿಲ್ಲುವುದಿಲ್ಲ. ಎರಡನೆಯದಾಗಿ, ಯುಪಿಐ ಆಟೋಪೇ ಮೂಲಕ ಒಪ್ಪಿಗೆ ಕೊಟ್ಟಿದ್ದರೆ ಅದು ಕಾರ್ಡಿನ ಮ್ಯಾಂಡೇಟ್ ಪಟ್ಟಿಯಲ್ಲಿ ಕಾಣಿಸುವುದಿಲ್ಲ. ಯುಪಿಐ ವ್ಯವಸ್ಥೆಯನ್ನು ನಡೆಸುವ ಎನ್‌ಪಿಸಿಐ 2020ರಲ್ಲಿ ತಂದ ಈ ಆಟೋಪೇಯನ್ನು ನೋಡಲು ಫೋನ್‌ಪೇ, ಗೂಗಲ್ ಪೇ, ಭೀಮ್ ಮುಂತಾದ ಯುಪಿಐ ಆ್ಯಪ್‌ನ ಆಟೋಪೇ ವಿಭಾಗಕ್ಕೆ ಹೋಗಬೇಕು. ರುಪೇ ಕ್ರೆಡಿಟ್ ಕಾರ್ಡನ್ನು ಯುಪಿಐಗೆ ಜೋಡಿಸಲು 2022ರಲ್ಲಿ ಅವಕಾಶ ಸಿಕ್ಕ ಮೇಲಂತೂ, ಕಡಿತ ಕಾರ್ಡಿನ ಸ್ಟೇಟ್‌ಮೆಂಟಿನಲ್ಲಿದ್ದು ಅದರ ಅನುಮತಿ ಯುಪಿಐ ಆ್ಯಪ್‌ನಲ್ಲಿರುವ ಸಂದರ್ಭಗಳೂ ಬರುತ್ತಿವೆ. ಮೂರನೆಯದು ವಿದೇಶಿ ವೆಬ್‌ಸೈಟ್‌ಗಳದು. ಹೊರದೇಶದ ಎಷ್ಟೋ ತಾಣಗಳು ಒಟಿಪಿ ಕೇಳದೆಯೇ ಕಾರ್ಡಿನಿಂದ ಹಣ ಪಡೆಯುವುದುಂಟು, ಅಂಥ ಕಡಿತ ಮ್ಯಾಂಡೇಟ್ ಪಟ್ಟಿಗೆ ಬರದಿರಬಹುದು. ಅಂಥ ಅಗತ್ಯ ಇಲ್ಲದವರು ಕಾರ್ಡಿನ ವಿದೇಶ ಬಳಕೆಯ ಸ್ವಿಚ್ಚನ್ನು ಆಫ್ ಮಾಡಿಯೇ ಇಡುವುದು ಲೇಸು.

ಹೆಸರನ್ನು ಪತ್ತೆ ಮಾಡುವ ಕೆಲಸದಲ್ಲಿ ಗೂಗಲ್ ಪ್ಲೇ ಸ್ಟೋರಿನ ಪುಟ ಬ್ಯಾಂಕಿಗಿಂತ ಬಹಳ ಮುಂದಿದೆ. ಪ್ಲೇ ಸ್ಟೋರ್ ತೆರೆದು, ಬಲ ಮೂಲೆಯಲ್ಲಿರುವ ನಿಮ್ಮ ಚಿತ್ರವನ್ನು ಒತ್ತಿ, ಪಾವತಿ ಮತ್ತು ಚಂದಾಗಳ ವಿಭಾಗಕ್ಕೆ ಹೋದರೆ ಚಾಲ್ತಿಯಲ್ಲಿರುವ ಚಂದಾಗಳು, ಮುಂದಿನ ಕಡಿತದ ದಿನ, ಮೊತ್ತ, ಪಾವತಿಯ ವಿಧಾನ ಎಲ್ಲವೂ ಆ್ಯಪ್‌ನ ಚಿತ್ರದ ಸಮೇತ ಕಾಣುತ್ತವೆ. ಆ ಚಿತ್ರವೇ ದೊಡ್ಡ ಸಹಾಯ, ಏಕೆಂದರೆ ಆ್ಯಪ್‌ನ ಗುರುತು ಎಲ್ಲರಿಗೂ ಇರುತ್ತದೆ, ತಯಾರಿಸಿದ ಕಂಪನಿಯ ಹೆಸರು ಯಾರಿಗೂ ಗೊತ್ತಿರುವುದಿಲ್ಲ. ಪಕ್ಕದಲ್ಲೇ ಇರುವ ಖರೀದಿಯ ಇತಿಹಾಸದಲ್ಲಿ ಜಿಪಿಎ ಎಂಬ ಅಕ್ಷರಗಳಿಂದ ಶುರುವಾಗುವ ಆರ್ಡರ್ ಸಂಖ್ಯೆ ಸಿಗುತ್ತದೆ. ಅದೇ ಸಂಖ್ಯೆಯ ರಸೀದಿ ಇಮೇಲ್‌ಗೂ ಬಂದಿರುತ್ತದೆ. ಸ್ಟೇಟ್‌ಮೆಂಟಿನ ದಿನಾಂಕ ಮತ್ತು ಮೊತ್ತವನ್ನು ಈ ಪಟ್ಟಿಗೆ ಹೊಂದಿಸಿ ನೋಡಿದರೆ ಹೆಚ್ಚಿನ ಅಪರಿಚಿತ ಸಾಲುಗಳ ಗುಟ್ಟು ಹೊರಬೀಳುತ್ತದೆ. ದಿನಾಂಕದಲ್ಲಿ ಒಂದೆರಡು ದಿನಗಳ ವ್ಯತ್ಯಾಸವಿದ್ದರೆ ಅದು ಸಹಜ.

ಅಲ್ಲೊಂದು ಅಡಚಣೆ ಇದೆ, ಅದನ್ನು ಒತ್ತಿ ಹೇಳಬೇಕು. ಪುಟ ತೋರಿಸುವುದು ಆಗ ಆಯ್ದುಕೊಂಡಿರುವ ಒಂದು ಗೂಗಲ್ ಖಾತೆಯ ಚಂದಾಗಳನ್ನು ಮಾತ್ರ. ನಮ್ಮಲ್ಲಿ ಒಂದೇ ಫೋನಿನಲ್ಲಿ ಸ್ವಂತದ ಖಾತೆ, ಕೆಲಸದ ಖಾತೆ, ಹಳೆಯ ಫೋನಿನಿಂದ ಬಂದ ಖಾತೆ, ಮಗುವಿನ ಪಾಠಕ್ಕೆಂದು ತೆರೆದ ಖಾತೆ ಎಂದು ಮೂರು ನಾಲ್ಕು ಇರುವುದು ಸಾಮಾನ್ಯ. ಒಂದರಲ್ಲಿ ನೋಡಿ "ಯಾವ ಚಂದಾ ಇಲ್ಲ" ಎಂದು ಬಂದಾಗ ಕೈಬಿಡಬಾರದು, ಚಿತ್ರವನ್ನು ಮತ್ತೆ ಒತ್ತಿ ಪ್ರತಿ ಖಾತೆಗೂ ಬದಲಾಯಿಸಿಕೊಂಡು ನೋಡಬೇಕು. ಅತ್ತಿಗೆಯ ಪ್ರಕರಣ ಬಗೆಹರಿದದ್ದು ಹೀಗೆಯೇ. ಎರಡನೆಯ ಖಾತೆಯಲ್ಲಿ, ಉತ್ತರ ಪತ್ರಿಕೆಗಳನ್ನು ಸ್ಕ್ಯಾನ್ ಮಾಡಿ ಪಿಡಿಎಫ್ ಮಾಡುವ ಒಂದು ಆ್ಯಪ್ ಕಾಣಿಸಿತು. ಮೂರು ದಿನ ಉಚಿತ ಎಂದು ತೋರಿಸಿ, ಪರಿಶೀಲನೆಗೆಂದು ಎರಡು ರೂಪಾಯಿಗೆ ಒಟಿಪಿ ಪಡೆದು, ಅವಧಿ ಮುಗಿದ ಮೇಲೆ ವರ್ಷದ ಚಂದಾವನ್ನು ಕಡಿತ ಮಾಡಿತ್ತು. ಚಂದಾ ಅಲ್ಲಿಯೇ ರದ್ದಾಯಿತು, ಬ್ಯಾಂಕಿನ ಪುಟದಲ್ಲಿ ಮ್ಯಾಂಡೇಟ್ ಕೂಡ ರದ್ದಾಯಿತು. ತಯಾರಕರಿಗೆ ಬರೆದ ಪತ್ರಕ್ಕೆ, ವರ್ಷ ಮುಗಿಯುವವರೆಗೆ ಸೇವೆ ಸಿಗುತ್ತದೆ, ಹಣ ಹಿಂದಿರುಗಿಸಲಾಗುವುದಿಲ್ಲ ಎಂಬ ಉತ್ತರ ಬಂತು.

ಗೂಗಲ್ ಪ್ಲೇ ನೀತಿಯ ಪ್ರಕಾರ ಖರೀದಿಯಾದ 48 ಗಂಟೆಯೊಳಗೆ ರಿಫಂಡ್ ಕೇಳಿದರೆ ಸಿಗುವ ಸಾಧ್ಯತೆ ಹೆಚ್ಚು. ಅದು ದಾಟಿದ ಮೇಲೆ ತಯಾರಕರನ್ನೇ ಕೇಳಿಕೊಳ್ಳಬೇಕು. ನಿಮ್ಮ ಪರಿಚಯದ ಯಾರೂ ಮಾಡಿರದ, ನಿಜವಾಗಿಯೂ ಅನಧಿಕೃತವಾದ ಕಡಿತವನ್ನು ವರದಿ ಮಾಡಲು 120 ದಿನಗಳ ಅವಕಾಶವಿದೆ. ಮಕ್ಕಳ ಕೈಗೆ ಫೋನ್ ಕೊಡುವ ಮನೆಗಳಲ್ಲಿ ಪ್ರತಿ ಖರೀದಿಗೂ ಪಾಸ್‌ವರ್ಡ್ ಅಥವಾ ಬೆರಳಚ್ಚು ಕೇಳುವಂತೆ ಸೆಟ್ಟಿಂಗ್ ಮಾಡಿಕೊಳ್ಳುವುದು ಅವಶ್ಯ. ಐಫೋನ್ ಬಳಸುವವರಿಗೆ ಸೆಟ್ಟಿಂಗ್ಸ್‌ನಲ್ಲಿ ತಮ್ಮ ಹೆಸರಿನ ಕೆಳಗೆ ಇದೇ ಬಗೆಯ ಚಂದಾ ಪಟ್ಟಿ ಸಿಗುತ್ತದೆ. ಅಮೆರಿಕದಲ್ಲೋ ಇಂಗ್ಲೆಂಡಿನಲ್ಲೋ ಇರುವ ನಮ್ಮವರ ಸ್ಟೇಟ್‌ಮೆಂಟಿನಲ್ಲಿ ಆಪಲ್ ಡಾಟ್ ಕಾಮ್ ಸ್ಲಾಶ್ ಬಿಲ್ ಎಂದು ಬರುವ ಸಾಲಿನ ಮೂಲ ಅದೇ. ಅಮೆರಿಕದ ಕ್ರೆಡಿಟ್ ಕಾರ್ಡ್ ಇರುವವರು ಬಿಲ್ಲಿನಲ್ಲಿ ತಪ್ಪು ಕಂಡರೆ, ಆ ಬಿಲ್ಲು ಕಳಿಸಿದ 60 ದಿನಗಳೊಳಗೆ ಲಿಖಿತವಾಗಿ ತಕರಾರು ಸಲ್ಲಿಸಬೇಕೆಂಬುದನ್ನು ನೆನಪಿಡಬೇಕು. ಅಲ್ಲಿನ ಕಾನೂನಿನ ರಕ್ಷಣೆ ಆ ಗಡುವಿಗೆ ಕಟ್ಟುಬಿದ್ದಿದೆ.

ಎಲ್ಲ ಖಾತೆಗಳನ್ನೂ, ಇಮೇಲ್‌ಗಳನ್ನೂ, ಯುಪಿಐ ಆ್ಯಪ್‌ಗಳನ್ನೂ ನೋಡಿದ ಮೇಲೂ ಗುರುತು ಸಿಗದಿದ್ದರೆ, ಮನೆಯ ಆಡ್-ಆನ್ ಕಾರ್ಡ್ ಇರುವವರನ್ನು ಒಮ್ಮೆ ಕೇಳಿ, ಆಮೇಲೆ ಕಾಯಬಾರದು. ಈ ಹುಡುಕಾಟವನ್ನು ಒಂದೇ ಸಂಜೆಯಲ್ಲಿ ಮುಗಿಸಬೇಕು ಎನ್ನುವುದಕ್ಕೆ ಕಾರಣವಿದೆ. ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆಯಂತೆ, ಗ್ರಾಹಕರ ತಪ್ಪೂ ಬ್ಯಾಂಕಿನ ತಪ್ಪೂ ಇಲ್ಲದೆ ಮೂರನೆಯವರಿಂದ ಆದ ಅನಧಿಕೃತ ಕಡಿತವನ್ನು, ಬ್ಯಾಂಕಿನ ಸಂದೇಶ ಬಂದ ಮೂರು ಕೆಲಸದ ದಿನಗಳೊಳಗೆ ತಿಳಿಸಿದರೆ ಗ್ರಾಹಕರ ಹೊಣೆ ಸೊನ್ನೆ. ನಾಲ್ಕರಿಂದ ಏಳನೆಯ ದಿನದೊಳಗಾದರೆ ಒಂದು ಮಿತಿಯವರೆಗೆ ನಷ್ಟವನ್ನು ನಾವು ಹೊರಬೇಕಾಗಬಹುದು. ಐದು ಲಕ್ಷದವರೆಗೆ ಮಿತಿಯಿರುವ ಕ್ರೆಡಿಟ್ ಕಾರ್ಡಿಗೆ ಅದು ಹೆಚ್ಚೆಂದರೆ 10,000 ರೂಪಾಯಿ. ಆಮೇಲಿನದು ಬ್ಯಾಂಕಿನ ನೀತಿಗೆ ಬಿಟ್ಟದ್ದು. ತಿಳಿಸಿದ ಹತ್ತು ಕೆಲಸದ ದಿನಗಳೊಳಗೆ ಬ್ಯಾಂಕು ಆ ಮೊತ್ತವನ್ನು ತಾತ್ಕಾಲಿಕವಾಗಿ ಜಮಾ ಮಾಡಬೇಕು, 90 ದಿನಗಳೊಳಗೆ ದೂರನ್ನು ಇತ್ಯರ್ಥಗೊಳಿಸಬೇಕು, ಮತ್ತು ತಪ್ಪು ಗ್ರಾಹಕರದು ಎಂದು ಸಾಬೀತು ಮಾಡುವ ಹೊರೆ ಬ್ಯಾಂಕಿನದು. ಈ ನಿಯಮಗಳು ಇ-ಮ್ಯಾಂಡೇಟ್ ಕಡಿತಗಳಿಗೂ ಅನ್ವಯಿಸುತ್ತವೆ. ವಂಚನೆಯೇ ಎಂದು ಖಚಿತವಾದರೆ ಸೈಬರ್ ಅಪರಾಧದ ಸಹಾಯವಾಣಿ 1930ಕ್ಕೂ ಕರೆ ಮಾಡಬೇಕು.

ಆದರೆ ಒಟಿಪಿ ಕೊಟ್ಟು ನೋಂದಣಿಯಾದ ಚಂದಾವನ್ನು ವಂಚನೆ ಎಂದು ಬರೆದುಕೊಡುವುದು ಸರಿಯಲ್ಲ, ಅದರಿಂದ ಉಪಯೋಗವೂ ಇಲ್ಲ. ಬ್ಯಾಂಕು ದಾಖಲೆ ತೆಗೆದು ತೋರಿಸಿ ದೂರನ್ನು ಮುಚ್ಚುತ್ತದೆ. ಅದನ್ನು ವ್ಯಾಪಾರಿಯ ಜೊತೆಗಿನ ತಕರಾರು ಎಂದೇ ದಾಖಲಿಸಿ, ಹೇಳಿದ್ದೇನು ಕಡಿತವಾದದ್ದೇನು ಎಂಬುದರ ಸ್ಕ್ರೀನ್‌ಶಾಟ್ ಸಮೇತ ಬರೆದರೆ ದೂರಿಗೆ ಬಲ ಬರುತ್ತದೆ. ಬಿಲ್ಲಿನ ಯಾವುದೇ ಸಾಲನ್ನು ಪ್ರಶ್ನಿಸಿದಾಗ 30 ದಿನಗಳೊಳಗೆ ವಿವರಣೆ ಕೊಡಬೇಕು, ಅಗತ್ಯವಿದ್ದರೆ ದಾಖಲೆಯನ್ನೂ ಕೊಡಬೇಕು ಎಂದು ಕಾರ್ಡ್ ಕಂಪನಿಗಳಿಗೆ ರಿಸರ್ವ್ ಬ್ಯಾಂಕ್ 2022ರ ನಿರ್ದೇಶನದಲ್ಲಿ ಹೇಳಿದೆ. ಫೋನಿನಲ್ಲಿ ಮಾತಾಡಿ ಬಿಡುವ ಬದಲು ಇಮೇಲ್‌ನಲ್ಲಿ ಕೇಳಿ ದೂರಿನ ಸಂಖ್ಯೆ ಪಡೆದುಕೊಂಡರೆ ಈ ಗಡುವು ನಮ್ಮ ಪರವಾಗಿ ಕೆಲಸ ಮಾಡುತ್ತದೆ. 30 ದಿನಗಳಲ್ಲಿ ಉತ್ತರ ಬರದಿದ್ದರೆ, ಅಥವಾ ಬಂದ ಉತ್ತರ ಸಮಾಧಾನ ತರದಿದ್ದರೆ, ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ ಖರ್ಚಿಲ್ಲದೆ ದೂರು ಕೊಡಬಹುದು. 14448ಕ್ಕೆ ಕರೆ ಮಾಡಿದರೆ ಅದರ ಮಾಹಿತಿ ಕನ್ನಡದಲ್ಲೂ ಸಿಗುತ್ತದೆ. ಸುಲಭವಾಗಿ ಸೇರಿಸಿಕೊಂಡು ಬಿಡಿಸಿಕೊಳ್ಳಲು ಮಾತ್ರ ಸತಾಯಿಸುವ ಚಂದಾ ಬಲೆಯನ್ನು ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2023ರ ನವೆಂಬರ್‌ನಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ 13 ಬಗೆಯ ವಂಚಕ ವಿನ್ಯಾಸಗಳಲ್ಲಿ ಒಂದೆಂದು ಹೆಸರಿಸಿದೆ, ಆದ್ದರಿಂದ ಅಂಥ ಆ್ಯಪ್ ಬಗ್ಗೆ 1915ರ ರಾಷ್ಟ್ರೀಯ ಗ್ರಾಹಕ ಸಹಾಯವಾಣಿಯಲ್ಲಿ ದೂರು ದಾಖಲಿಸುವುದಕ್ಕೂ ಅರ್ಥವಿದೆ.

ಒಟ್ಟಾರೆ ಈ ಸೇವೆಗೆ ನಾನು ಐದರಲ್ಲಿ ಮೂರೂವರೆ ಅಂಕ ಕೊಡುತ್ತೇನೆ. ಕಡಿಮೆಯಾದ ಒಂದೂವರೆಯಲ್ಲಿ ಒಂದು ಅಂಕ ಆ ತುಂಡಾದ ಹೆಸರಿಗೆ, ಅರ್ಧ ಇಂಗ್ಲಿಷ್ ಸಂದೇಶಕ್ಕೆ. ಮ್ಯಾಂಡೇಟ್ ಪಟ್ಟಿಯನ್ನು ಗ್ರಾಹಕರು ಹುಡುಕಿಕೊಂಡು ಹೋಗಬೇಕಾದ ಪುಟವಾಗಿ ಉಳಿಸುವ ಬದಲು, ಪ್ರತಿ ತಿಂಗಳ ಸ್ಟೇಟ್‌ಮೆಂಟಿನಲ್ಲೇ ಒಂದು ಭಾಗವಾಗಿ ಅಚ್ಚು ಮಾಡಬೇಕೆಂಬುದು ನನ್ನ ಬೇಡಿಕೆ: ಆ್ಯಪ್‌ನ ಪೂರ್ತಿ ಹೆಸರು, ಮುಂದಿನ ಕಡಿತದ ದಿನ, ಮೊತ್ತ, ರದ್ದು ಮಾಡುವ ವಿಧಾನ. ರಿವಾರ್ಡ್ ಪಾಯಿಂಟುಗಳಿಗೂ ಹೊಸ ಸಾಲದ ಕೊಡುಗೆಗಳಿಗೂ ಅದೇ ಸ್ಟೇಟ್‌ಮೆಂಟಿನಲ್ಲಿ ಅರ್ಧ ಪುಟ ಮೀಸಲಿಡುವ ಬ್ಯಾಂಕುಗಳಿಗೆ ಈ ನಾಲ್ಕು ಅಂಕಣಗಳಿಗೆ ಜಾಗ ಮಾಡಿಕೊಡುವುದು ಕಷ್ಟವಾಗಲಾರದು.